ಯುಡಿಆರ್ (ಅಸಹಜ ಸಾವಿನ ವರದಿ) ಕಡತ ತಿಂಗಳುಗಟ್ಟಲೆ ಕದಲದಿದ್ದರೆ ಯಾವ ಕೋರ್ಟಿಗೆ ಹೋಗಬೇಕು, ಏನು ಕೇಳಬೇಕು?

ಹೇಮಾವತಿ_ದಂಡೆ:
ಬಾವಿಯಲ್ಲಿ ಶವ ಸಿಕ್ಕಿ ಯುಡಿಆರ್ ಆಗಿರುವ ಪ್ರಕರಣ ಅಂದುಕೊಳ್ಳಿ. ಪಂಚನಾಮೆ, ಪೋಸ್ಟ್‌ಮಾರ್ಟಂ ಮುಗಿದಿದೆ. ಮನೆಯವರು ಕೊಲೆಯ ಅನುಮಾನ ಹೇಳಿದರೂ "ಎಫ್‌ಎಸ್‌ಎಲ್ (ವಿಧಿವಿಜ್ಞಾನ ಪ್ರಯೋಗಾಲಯ) ವರದಿ ಬರಲಿ" ಅನ್ನುವುದು ಬಿಟ್ಟರೆ ಠಾಣೆಯಿಂದ ಬೇರೆ ಉತ್ತರವಿಲ್ಲ. ಜೆಎಂಎಫ್‌ಸಿ (ಮೊದಲ ದರ್ಜೆ ನ್ಯಾಯಿಕ ಮ್ಯಾಜಿಸ್ಟ್ರೇಟ್) ಕೋರ್ಟಿಗೆ ಹೋಗಬಹುದೇ, ಇಲ್ಲ ಸೀದಾ ಹೈಕೋರ್ಟಿನಲ್ಲಿ ರಿಟ್ ಹಾಕಬೇಕೇ?

ಕಪ್ಪುಕೋಟು:
ಯುಡಿಆರ್ ಕಡತ ಜೆಎಂಎಫ್‌ಸಿ ನ್ಯಾಯಾಧೀಶರ ಮುಂದೆ ಇರುವುದೇ ಇಲ್ಲ. ಈಗಿನ ಅಪರಾಧ ಪ್ರಕ್ರಿಯೆಯ ಕಾನೂನಾದ ಬಿಎನ್‌ಎಸ್‌ಎಸ್‌ನ ಕಲಂ 194ರ (ಹಳೆಯ ಸಿಆರ್‌ಪಿಸಿ 174) ಪ್ರಕಾರ ಅದು ಹೋಗುವುದು ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರ ಕಡೆಗೆ, ಅಂದರೆ ತಹಶೀಲ್ದಾರ್, ಎಸಿ (ಉಪವಿಭಾಗಾಧಿಕಾರಿ) ಕಚೇರಿಗೆ. ಆ ವಿಚಾರಣೆಯ ವ್ಯಾಪ್ತಿಯೂ ಚಿಕ್ಕದು: ಸಾವಿನ ಮೇಲ್ನೋಟದ ಕಾರಣ, ಮೈಮೇಲಿನ ಗಾಯ, ಅಷ್ಟೇ. ಯಾರು ಮಾಡಿದರು ಅನ್ನುವುದಕ್ಕೆ ಅಲ್ಲಿ ಜಾಗವಿಲ್ಲ. ಕೋರ್ಟಿನ ಕಣ್ಣು ತನಿಖೆಯ ಮೇಲೆ ಬೀಳಬೇಕಾದರೆ ಎಫ್‌ಐಆರ್ ಆಗಲೇಬೇಕು.

ದಾರಿ ಹೀಗೆ. ಠಾಣೆಗೆ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. ದಾಖಲಿಸದಿದ್ದರೆ ಹಿಂಬರಹ (ಠಾಣೆಯ ಲಿಖಿತ ಉತ್ತರ) ಕೇಳಿ. ಅದೇ ದೂರನ್ನು ಎಸ್‌ಪಿಗೆ ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿ, ರಸೀದಿ ಜೋಪಾನ ಮಾಡಿ. ಇದು ಬಿಎನ್‌ಎಸ್‌ಎಸ್ 173(4)ರ ಹಂತ. ಆಮೇಲೆ ಎಫ್‌ಐಆರ್ ಮಾಡಿ ತನಿಖೆ ನಡೆಸಲು ಪೊಲೀಸರಿಗೆ ಆದೇಶಿಸಿ ಎಂದು ಜೆಎಂಎಫ್‌ಸಿಯಲ್ಲಿ 175(3)ರ ಅರ್ಜಿ, ಜೊತೆಗೆ ಅಫಿಡವಿಟ್. ನಮ್ಮ ಕೋರ್ಟುಗಳಲ್ಲಿ ಇದಕ್ಕೆ ಪಿಸಿಆರ್ (ಖಾಸಗಿ ದೂರು) ನಂಬರ್ ಬೀಳುತ್ತದೆ. ಎಸ್‌ಪಿ ಹಂತ ಹಾರಿದ್ದಕ್ಕೆ ಅಥವಾ ಅಫಿಡವಿಟ್ ಇಲ್ಲದ್ದಕ್ಕೆ ಅರ್ಜಿ ಬಿದ್ದುಹೋದರೆ ಅಮೂಲ್ಯ ತಿಂಗಳುಗಳು ಹಾಳು. ಸುಪ್ರೀಂ ಕೋರ್ಟಿನ 2015ರ ಪ್ರಿಯಾಂಕಾ ಶ್ರೀವಾಸ್ತವ ತೀರ್ಪಿನ ನಂತರ ಇದರಲ್ಲಿ ರಿಯಾಯಿತಿ ನಿರೀಕ್ಷಿಸಬೇಡಿ.

"ಅನುಮಾನವಿದೆ" ಎಂದಷ್ಟೇ ಬರೆದರೆ ಸಾಲದು. ಕೊನೆಗೆ ಜೊತೆಗಿದ್ದವರು ಯಾರು, ಪಂಚನಾಮೆಗೂ ಪೋಸ್ಟ್‌ಮಾರ್ಟಂ ವರದಿಗೂ ಗಾಯದ ವಿವರದಲ್ಲಿ ಎಲ್ಲಿ ವ್ಯತ್ಯಾಸ, ಮೊಬೈಲ್ ಎಲ್ಲಿ ಹೋಯಿತು: ಇವು ತಾರೀಕು, ಸಮಯದ ಸಮೇತ ಇರಲಿ.

ಹೇಮಾವತಿ_ದಂಡೆ:
ಎಫ್‌ಐಆರ್ ಆದ ಮೇಲೂ ತನಿಖೆ ಮಲಗಿದರೆ?

ತೀರ್ಪು_ಓದುಗ:
2007ರ ಡಿಸೆಂಬರಿನ ಸಾಕಿರಿ ವಾಸು ತೀರ್ಪು ಓದಿ. ಸೇನೆಯ ಮೇಜರ್ ಒಬ್ಬರ ಶವ 2003ರಲ್ಲಿ ಮಥುರಾ ರೈಲು ನಿಲ್ದಾಣದಲ್ಲಿ ಸಿಕ್ಕಿತ್ತು. ಅಪಘಾತ ಇಲ್ಲವೇ ಆತ್ಮಹತ್ಯೆ ಎಂದರು ರೈಲ್ವೆ ಪೊಲೀಸರು, ಕೊಲೆ ಎಂದರು ತಂದೆ. ತನಿಖೆ ಸರಿಯಾಗಿ ನಡೆಯುವಂತೆ ನೋಡಿಕೊಳ್ಳುವ, ಉಸ್ತುವಾರಿ ಮಾಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೇ ಇದೆ, ಇಂಥದ್ದಕ್ಕೆ ಹೈಕೋರ್ಟಿಗೆ ಧಾವಿಸಬೇಡಿ ಎಂದಿತು ಸುಪ್ರೀಂ ಕೋರ್ಟ್. ಆದರೆ ತನಿಖೆಯನ್ನು ಮ್ಯಾಜಿಸ್ಟ್ರೇಟರೇ ಕೈಗೆತ್ತಿಕೊಳ್ಳುವಂತಿಲ್ಲ. ಸಿಬಿಐಗೆ ವಹಿಸುವ ಅಧಿಕಾರವೂ ಅವರಿಗಿಲ್ಲ, ಅದಕ್ಕೆ ಹೈಕೋರ್ಟೇ ಬೇಕು. ಆದ್ದರಿಂದ ಪ್ರಗತಿ ವರದಿಯನ್ನೇ ಕೇಳಿ. ತನಿಖೆಯ ಪ್ರಗತಿಯನ್ನು 90 ದಿನದೊಳಗೆ ದೂರುದಾರರಿಗೆ ತಿಳಿಸಬೇಕೆಂದು 193(3)ರಲ್ಲೇ ಇದೆ, ಅದನ್ನು ಅರ್ಜಿಯಲ್ಲಿ ನಮೂದಿಸಿ.

ಕಸ್ಟಡಿ ಸಾವಿನ ಮಾತು ಬೇರೆ, ಅಲ್ಲಿ 196(2)ರಡಿ ಮ್ಯಾಜಿಸ್ಟ್ರೇಟರ ವಿಚಾರಣೆ ಕಡ್ಡಾಯ.

ಶವಾಗಾರ_ಟಿಪ್ಪಣಿ:
ಬಾವಿ ಅಂದಿದ್ದರಿಂದ ಹೇಳುತ್ತೇನೆ. ಡಯಾಟಮ್ (ನೀರಿನ ಸೂಕ್ಷ್ಮ ಪಾಚಿ) ಪರೀಕ್ಷೆ ನೀರಿಗೆ ಬಿದ್ದಾಗ ಜೀವ ಇತ್ತೇ ಎಂದು ತಿಳಿಯಲು ಮಾಡುವುದು. ಅದಕ್ಕೆ ತೊಡೆಮೂಳೆ ಇಲ್ಲವೇ ಎದೆಮೂಳೆಯ ಮಜ್ಜೆಯ ಜೊತೆ ಅದೇ ಬಾವಿಯ ನೀರಿನ ಮಾದರಿಯೂ ಹೋಗಬೇಕು. ನೀರೇ ತೆಗೆದಿಲ್ಲವಾದರೆ ಹೋಲಿಸಲು ಏನೂ ಇರುವುದಿಲ್ಲ. ಮಳೆಗಾಲ ಕಳೆದ ಮೇಲೆ ತೆಗೆದ ನೀರು ಸಾವಿನ ದಿನದ ನೀರಲ್ಲ.

ವಿಷ ಪರೀಕ್ಷೆಗೆ ತೆಗೆದ ವಿಸೆರಾವನ್ನು (ಒಳ ಅಂಗಗಳ ಮಾದರಿ) ಸಾಮಾನ್ಯವಾಗಿ ಉಪ್ಪಿನ ಸಾಂದ್ರ ದ್ರಾವಣದಲ್ಲಿ ಇಡುತ್ತಾರೆ. ಫಾರ್ಮಲಿನ್‌ನಲ್ಲಿ ಹಾಕಿಬಿಟ್ಟರೆ ವಿಷ ಹೊರತೆಗೆಯುವುದು ಕಷ್ಟ. ಫಾರ್ಮಲಿನ್ ಸೂಕ್ಷ್ಮದರ್ಶಕದ ಪರೀಕ್ಷೆಗೆ ಮಾತ್ರ. ಜಾಡಿಯ ಸೀಲು, ಠಾಣೆಯಿಂದ ಹೊರಟ ತಾರೀಕು, ಎಫ್‌ಎಸ್‌ಎಲ್ ಸ್ವೀಕೃತಿ ಸಂಖ್ಯೆ, ಈ ಮೂರನ್ನೂ ಪ್ರಗತಿ ವರದಿಯಲ್ಲಿ ತಿಳಿಸುವಂತೆ ಕೋರ್ಟನ್ನು ಕೋರಿ. "ವರದಿ ಬಾಕಿ" ಎಂದಲ್ಲಿ ಜಾಡಿ ಠಾಣೆಯಲ್ಲೇ ಉಳಿದಿಲ್ಲ ಎಂಬುದು ಆಗ ಖಾತ್ರಿಯಾಗುತ್ತದೆ.

ಕಪ್ಪುಕೋಟು:
ಸಿಸಿಟಿವಿಗೂ ಇದೇ ತುರ್ತು. ಬಹುತೇಕ ಡಿವಿಆರ್‌ಗಳು (ದೃಶ್ಯ ದಾಖಲಿಸುವ ಪೆಟ್ಟಿಗೆ) ಕೆಲವೇ ವಾರದಲ್ಲಿ ಹಳೆಯ ದೃಶ್ಯದ ಮೇಲೆ ಹೊಸದು ಬರೆಯುತ್ತವೆ. ಮೊದಲ ದೂರಿನಲ್ಲೇ ಕ್ಯಾಮೆರಾ ಇರುವ ಜಾಗ ಹೆಸರಿಸಿ, ದೃಶ್ಯ ವಶಪಡಿಸಿಕೊಳ್ಳಲು ಕೇಳಿ.

ಕೊನೆಗೆ ಬಿ ರಿಪೋರ್ಟ್ (ಪ್ರಕರಣ ಮುಕ್ತಾಯಗೊಳಿಸುವ ಪೊಲೀಸ್ ವರದಿ) ಬಂದರೂ ಬಾಗಿಲು ಮುಚ್ಚುವುದಿಲ್ಲ. ದೂರುದಾರರಿಗೆ ನೋಟಿಸ್ ಕೊಟ್ಟು ಕೇಳದೆ ಅದನ್ನು ಒಪ್ಪುವಂತಿಲ್ಲ ಎಂದು 1985ರ ಭಗವಂತ್ ಸಿಂಗ್ ತೀರ್ಪು ಹೇಳಿದೆ. ನೋಟಿಸ್ ಬಂದಾಗ ತಕರಾರು ಅರ್ಜಿ ಹಾಕಿ. ಅದರಲ್ಲಿ ಯಾವ ಸಾಕ್ಷಿಯನ್ನು ಕೇಳಿಲ್ಲ, ಯಾವ ವಸ್ತು ಪರೀಕ್ಷೆಗೆ ಹೋಗಿಲ್ಲ ಎಂದು ಒಂದೊಂದಾಗಿ ತೋರಿಸಿ ಹೆಚ್ಚಿನ ತನಿಖೆ ಕೇಳಿ.