ಕಂತು ತೀರಿದರೂ ತೆರೆಯದ ಫೋನ್ ಲಾಕ್

ಪ್ರಶ್ನೆ: ತಮ್ಮನಿಗಾಗಿ ಕಂತಿನಲ್ಲಿ ಕೊಂಡ ಆಂಡ್ರಾಯ್ಡ್ ಫೋನಿನ ಕೊನೆಯ ಕಂತನ್ನು ಮೂರು ದಿನ ತಡವಾಗಿ ಕಟ್ಟಿದೆ, ಹಣ ಜಮೆಯಾಗಿದ್ದರೂ ಪರದೆಯ ಮೇಲೆ ‘ಬಾಕಿ ಪಾವತಿಸಿ’ ಎಂಬ ಸೂಚನೆಯೇ ನಿಂತಿದೆ. ಫ್ಯಾಕ್ಟರಿ ರೀಸೆಟ್ (ಎಲ್ಲವನ್ನೂ ಅಳಿಸಿ ಫೋನನ್ನು ಹೊಸದರಂತೆ ಮಾಡುವುದು) ಮಾಡಬಹುದೇ?

ಉತ್ತರ 1: ಬೇಡ. ಕಂತಿನ ಫೋನಿನಲ್ಲಿ ಸಾಲ ಕೊಟ್ಟವರು ಹಾಕುವ ಲಾಕ್ ಆ್ಯಪ್‌ಗೆ ಸಾಮಾನ್ಯವಾಗಿ ‘ಡಿವೈಸ್ ಓನರ್’ ಅಧಿಕಾರ (ಇಡೀ ಫೋನನ್ನು ನಿಯಂತ್ರಿಸುವ ಅಧಿಕಾರ) ಕೊಟ್ಟು, ಫೋನಿನ ಗುರುತು ಸಂಖ್ಯೆಯಾದ ಐಎಂಇಐಯನ್ನೂ ನೋಂದಾಯಿಸಿರುವುದರಿಂದ ರೀಸೆಟ್ ಮಾಡಿದರೂ ಲಾಕ್ ಮರಳಿ ಬರುತ್ತದೆ. ಹೋಗುವುದು ನಿಮ್ಮ ಫೋಟೋಗಳು ಮಾತ್ರ. ಲಾಕ್ ತೆರೆಯುವ ಆದೇಶ ಸಾಮಾನ್ಯವಾಗಿ ಅಂತರ್ಜಾಲದ ಮೂಲಕ ತಲುಪುತ್ತದೆ, ಆದ್ದರಿಂದ ಮೊದಲು ವೈಫೈಗೆ ಜೋಡಿಸಿ ನೋಡಿ.

ಉತ್ತರ 2: ಆಗಲೂ ತೆರೆಯದಿದ್ದರೆ ಪಾವತಿಯ ಯುಟಿಆರ್ ಸಂಖ್ಯೆಯೊಡನೆ (ಹಣ ವರ್ಗಾವಣೆಯ ಗುರುತು ಸಂಖ್ಯೆ) ಸಾಲ ಕೊಟ್ಟ ಸಂಸ್ಥೆಯ ಕುಂದುಕೊರತೆ ಅಧಿಕಾರಿಗೆ ಲಿಖಿತ ದೂರು ಕೊಡಿ. 30 ದಿನಗಳೊಳಗೆ ಉತ್ತರ ಬಾರದಿದ್ದರೆ, ಆ ಸಂಸ್ಥೆ ರಿಸರ್ವ್ ಬ್ಯಾಂಕಿನ ಓಂಬುಡ್ಸ್‌ಮನ್ (ಗ್ರಾಹಕರ ದೂರು ಪರಿಹರಿಸುವ ಅಧಿಕಾರಿ) ಯೋಜನೆಯ ವ್ಯಾಪ್ತಿಯಲ್ಲಿದ್ದಲ್ಲಿ, ಆ ಓಂಬುಡ್ಸ್‌ಮನ್‌ಗೆ ಶುಲ್ಕವಿಲ್ಲದೆ ದೂರಬಹುದು.

ಪ್ರಶ್ನೆ ಕೇಳಿದವರು: ವೈಫೈಗೆ ಜೋಡಿಸಿದ ಮೇಲೆ ತೆರೆಯಿತು. ಸಾಲ ತೀರಿದೆಯೆಂಬ ಪತ್ರವನ್ನೂ ಕೇಳಿದ್ದೇನೆ.