‘ತೊತ್ತೋ ಚಾನ್’ ಬರೆದ ಕುರೊಯಾನಾಗಿ: 45 ನಿಮಿಷದಲ್ಲಿ ಹೇಗೆ ಹೇಳುವುದು?

ಶಿರಸಿ ಓದುಗ
ಶಿರಸಿ ಹತ್ತಿರದ ಶಾಲೆಯಲ್ಲಿ ಆರು-ಏಳನೇ ತರಗತಿಯ ಮಕ್ಕಳಿಗೆ, ಪಾಲಕರಿಗೆ ತೆತ್ಸುಕೊ ಕುರೊಯಾನಾಗಿ ಬಗ್ಗೆ 45 ನಿಮಿಷದ ಕಾರ್ಯಕ್ರಮ ಇದೆ. ತನ್ನ ಬಾಲ್ಯದ ಶಾಲೆಯ ಬಗ್ಗೆ ಆಕೆ ಬರೆದ ‘ತೊತ್ತೋ ಚಾನ್’ ಪುಸ್ತಕ ಸುಮಾರು ಜನ ಓದಿದ್ದಾರೆ. ಆಕೆ ನಟಿ, ಟಿವಿ ನಿರೂಪಕಿ ಅಂತ ಗೊತ್ತಿರುವವರು ಕಡಿಮೆ. ಹುಟ್ಟಿನಿಂದ ಶುರು ಮಾಡಬೇಕೋ, ಪುಸ್ತಕದಿಂದಲೋ? ಎಲ್ಲಿ ತಪ್ಪು ಆಗಬಹುದು?

ಕುಮಟಾ ಕಡೆಯವರು
ಎರಡೂ ಬೇಡ, 1953ರಿಂದ ಶುರು ಮಾಡಿ. ಆ ವರ್ಷ ಫೆಬ್ರವರಿ 1ಕ್ಕೆ ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯ ಟಿವಿ ಪ್ರಸಾರ ಶುರುವಾಯಿತು. ಸಂಗೀತ ಕಾಲೇಜಿನಲ್ಲಿ ಹಾಡುಗಾರಿಕೆ ಕಲಿತ ಹುಡುಗಿ ಅದೇ ವರ್ಷ ಎನ್‌ಎಚ್‌ಕೆಯ ನಟರ ತಂಡ ಸೇರಿದಳು. ಅಂದರೆ ಅಲ್ಲಿಯ ಟಿವಿಗೆ ಎಷ್ಟು ವಯಸ್ಸೋ ಆಕೆಯ ಟಿವಿ ಬದುಕಿಗೂ ಅಷ್ಟೇ. ಆಗ ನಾಟಕಗಳು ನೇರ ಪ್ರಸಾರ, ತಪ್ಪಿದರೆ ತಪ್ಪಿದ್ದೇ ಮನೆಮನೆಗೆ ಹೋಗುತ್ತಿತ್ತು. ಇದನ್ನು ಹೇಳಿದ ಮೇಲೆ ‘ತೆತ್ಸುಕೊ ಕೋಣೆ’ಗೆ ಬನ್ನಿ. 1976ರ ಫೆಬ್ರವರಿಯಲ್ಲಿ ಶುರುವಾದ ಮಾತುಕತೆಯ ಕಾರ್ಯಕ್ರಮ ಅದು, 2015ಕ್ಕೆ 10,000 ಕಂತು ದಾಟಿತು. ಚಿತ್ರೀಕರಿಸಿದ್ದನ್ನು ಕತ್ತರಿಸಿ ಜೋಡಿಸಬಾರದು ಎಂಬುದು ಆಕೆಯ ಷರತ್ತು. ಅತಿಥಿ ತಡವರಿಸಿದ್ದು, ಸುಮ್ಮನಾಗಿದ್ದು ಎಲ್ಲವೂ ಉಳಿದರೇನೇ ಆ ಮನುಷ್ಯ ಕಾಣುತ್ತಾನೆ. ನೇರ ಪ್ರಸಾರದಲ್ಲಿ ಪಳಗಿದವರಿಗೆ ಮಾತ್ರ ಆ ಧೈರ್ಯ ಬರುತ್ತದೆ ಅಂತ ನನಗೆ ಅನ್ನಿಸುತ್ತದೆ.

ತಪ್ಪಾಗುವುದು ಇಲ್ಲಿ: ‘ನಿವೃತ್ತಳಾದ ನಟಿ ನೆನಪು ಬರೆದಳು’ ಅಂತ ಹೇಳಿಬಿಡುತ್ತಾರೆ. ಪುಸ್ತಕ ಬಂದದ್ದು 1981ರಲ್ಲಿ, ಆಕೆಗೆ 47 ವರ್ಷ. ‘ಕೋಣೆ’ ನಡೆಯುತ್ತಲೇ ಇತ್ತು, 1978ರಿಂದ ಟಿವಿ ವಾಹಿನಿ ಟಿಬಿಎಸ್‌ನಲ್ಲಿ ವಾರದ ಹತ್ತು ಹಾಡುಗಳ ಕಾರ್ಯಕ್ರಮವನ್ನೂ ನಿರೂಪಿಸುತ್ತಿದ್ದರು. ಕೆಲಸದ ಭರಾಟೆಯ ನಡುವೆ ಬರೆದದ್ದು ಅದು.

ಪುಸ್ತಕದ ಹುಳು
ಪುಸ್ತಕದ ಒಳಗಿನ ಚಿತ್ರಗಳ ಬಗ್ಗೆಯೂ ಎಚ್ಚರ ಇರಲಿ. ಕಲಾವಿದೆ ಚಿಹಿರೊ ಇವಾಸಾಕಿ ಈ ಪುಸ್ತಕಕ್ಕೆಂದೇ ಬರೆದ ಚಿತ್ರಗಳಲ್ಲ ಅವು. ಇವಾಸಾಕಿ 1974ರಲ್ಲೇ ತೀರಿಕೊಂಡಿದ್ದರು, ಅವರು ಬಿಟ್ಟುಹೋದ ಚಿತ್ರಗಳಿಂದ ಆರಿಸಿಕೊಂಡದ್ದು.

ಮೂಲ ಹೆಸರಿನಲ್ಲಿ ‘ಕಿಟಕಿ ಬದಿಯ’ ಎಂಬ ಮಾತಿದೆ. ಬೀದಿ ವಾದ್ಯದವರನ್ನು ಕರೆಯಲು ಕಿಟಕಿಯಲ್ಲಿ ನಿಲ್ಲುತ್ತಿದ್ದಳು ಎಂಬುದು ಒಂದು ಅರ್ಥ. ಕಚೇರಿಯಲ್ಲಿ ಕೆಲಸ ಕೊಡದೆ ಮೂಲೆಗೆ ಕೂರಿಸಿದವರನ್ನೂ ಆ ಕಾಲದಲ್ಲಿ ಜಪಾನಿನಲ್ಲಿ ‘ಕಿಟಕಿ ಬದಿಯವರು’ ಅನ್ನುತ್ತಿದ್ದರು. ಒಂದನೇ ತರಗತಿಯಲ್ಲೇ ಶಾಲೆಯಿಂದ ಹೊರಬಿದ್ದ ಹುಡುಗಿಗೆ ಇದು ಸರಿಯಾಗಿ ಹೊಂದುತ್ತದೆ, ಪಾಲಕರಿಗೆ ಬಿಡಿಸಿ ಹೇಳಿ. ‘ಚಾನ್’ ಹೆಸರಲ್ಲ, ನಮ್ಮಲ್ಲಿ ಪ್ರೀತಿಯಿಂದ ‘ಕೂಸೇ’ ಅಂದ ಹಾಗೆ. ತೆತ್ಸುಕೊ-ಚಾನ್ ಅಂದದ್ದು ಮಗುವಿನ ಕಿವಿಗೆ ತೊತ್ತೋ-ಚಾನ್ ಅಂತ ಕೇಳಿತು.

ಪುಸ್ತಕದ ಗೌರವಧನದಿಂದ ಕಿವುಡ ನಟರಿಗಾಗಿ ಸಂಸ್ಥೆ ಕಟ್ಟಿದ್ದು, 1984ರಿಂದ ಯುನಿಸೆಫ್ ರಾಯಭಾರಿ ಆದದ್ದು, ಇವಕ್ಕೆ ಐದು ನಿಮಿಷ ಸಾಕು.

ತಾಳಮದ್ದಳೆ
ಮಕ್ಕಳು 45 ನಿಮಿಷ ಕೂತು ಕೇಳುವುದಿಲ್ಲ ಮಾರಾಯ್ರೆ, 15 ನಿಮಿಷ ಏನಾದರೂ ಮಾಡಿಸಿ.

ಮೊದಲ ಶಾಲೆಯಿಂದ ಹೊರಬಿದ್ದ ತೊತ್ತೋ ಚಾನ್ ಆಮೇಲೆ ಸೇರಿದ ತೊಮೊಯೆ ಶಾಲೆಯ ಮುಖ್ಯಾಧ್ಯಾಪಕ ಸೊಸಾಕು ಕೊಬಾಯಾಶಿ ಬುತ್ತಿಗೆ ‘ಸಮುದ್ರದ್ದು ಸ್ವಲ್ಪ, ಬೆಟ್ಟದ್ದು ಸ್ವಲ್ಪ’ ತರಲು ಹೇಳುತ್ತಿದ್ದರು. ಇಲ್ಲದ ಮಗುವಿಗೆ ಅವರ ಹೆಂಡತಿ ಎರಡು ಪಾತ್ರೆಯಿಂದ ಬಡಿಸುತ್ತಿದ್ದರು. ನಮ್ಮ ಜಿಲ್ಲೆಗೆ ಇದನ್ನು ವಿವರಿಸುವುದೇ ಬೇಡ. ಘಟ್ಟದ ಮೇಲಿನ ಕೆಸು, ಹಲಸು, ಅಪ್ಪೆಮಿಡಿ. ಕೆಳಗಿನ ಬಂಗಡೆ, ತಾರ್ಲೆ. ಮೀನು ತಿನ್ನದ ಮನೆಯ ಮಕ್ಕಳು ಹಿಂದೆ ಬೀಳದಂತೆ ಸಾಣಿಕಟ್ಟಾ ಉಪ್ಪನ್ನೂ ಸಮುದ್ರದ ಲೆಕ್ಕಕ್ಕೆ ಸೇರಿಸಿ.

ಕೊಬಾಯಾಶಿ ಪ್ಯಾರಿಸಿನಲ್ಲಿ ಸಂಗೀತ ಶಿಕ್ಷಕ ಡಾಲ್ಕ್ರೋಜ್ ಅವರಿಂದ ಕಲಿತ ಲಯದ ಪಾಠವನ್ನೂ ಮಾಡಿಸಬಹುದು. ಪಿಯಾನೊ ಬೇಡ, ಮದ್ದಳೆ ಅಥವಾ ಮೇಜು ಸಾಕು. ನಿಮಿಷಕ್ಕೆ 60ರಂತೆ ಒಂದೇ ಸಮ ಬಾರಿಸಿ. ಒಂದೊಂದು ಪೆಟ್ಟಿಗೂ ಒಂದು ಹೆಜ್ಜೆ, ನಾಲ್ಕರ ಎಣಿಕೆಯಲ್ಲಿ, ಮೊದಲನೆಯದು ಗಟ್ಟಿಯಾಗಿ. ಅದು ಕೂತ ಮೇಲೆ ಕೈಗೆ ಮೂರರ ಎಣಿಕೆ ಕೊಡಿ: ಕೆಳಗೆ, ಪಕ್ಕಕ್ಕೆ, ಮೇಲೆ. ಗಟ್ಟಿ ಹೆಜ್ಜೆಯೂ ಕೈ ಕೆಳಗಿಳಿಯುವುದೂ 12 ಪೆಟ್ಟಿಗೊಮ್ಮೆ ಕೂಡುತ್ತವೆ. ಕೆಡುವುದು ಎರಡು ಕಾರಣಕ್ಕೆ. ಬಾರಿಸುವವರು ಹುರುಪಿನಲ್ಲಿ ಕಾಲ ಏರಿಸುತ್ತಾರೆ, ಇಲ್ಲವೇ ಕೈ-ಕಾಲು ಎರಡನ್ನೂ ಒಟ್ಟಿಗೆ ಶುರು ಮಾಡಿಸುತ್ತಾರೆ. ತಪ್ಪಿದ ಮಗುವನ್ನು ಹೊರಗೆ ನಿಲ್ಲಿಸಬೇಡಿ. ಕೈ ಬಿಟ್ಟು ಹೆಜ್ಜೆ ಮಾತ್ರ ಹಾಕುತ್ತಿರಲಿ, ಮುಂದಿನ 12ಕ್ಕೆ ತಾನೇ ಸೇರಿಕೊಳ್ಳುತ್ತದೆ.

ಶಿರಸಿ ಓದುಗ
1953ರಿಂದಲೇ ಶುರು ಮಾಡುತ್ತೇನೆ. ಮದ್ದಳೆಗೆ ಜನ ಇದ್ದಾರೆ.