ಮ್ಯಾಕ್‌ಬೆತ್ ಆಡುತ್ತಿದ್ದ ಭಾಷೆ ಯಾವುದು? ಸ್ಕಾಟ್ಲೆಂಡಿನ ಅರಸೊತ್ತಿಗೆ ಮತ್ತು ಗೇಲಿಕ್ ಕುರಿತು

ತುಂಗಾತೀರ (ಪ್ರಶ್ನೆ):

ನಮ್ಮ ಓದುಗರ ಬಳಗದಲ್ಲಿ ಈ ತಿಂಗಳು ಶೇಕ್ಸ್‌ಪಿಯರನ ‘ಮ್ಯಾಕ್‌ಬೆತ್’ ನಾಟಕವನ್ನು, ಡಿ.ವಿ.ಜಿ. ಅವರ ಅನುವಾದವನ್ನು ಪಕ್ಕದಲ್ಲಿಟ್ಟುಕೊಂಡು, ಓದುತ್ತಿದ್ದೇವೆ. 11ನೇ ಶತಮಾನದ ಸ್ಕಾಟ್ಲೆಂಡಿನ ಅರಸನೊಬ್ಬ ನಿಜವಾಗಿ ಯಾವ ಭಾಷೆಯಲ್ಲಿ ಆಳುತ್ತಿದ್ದ ಎಂಬ ಮಾತು ಬಂದಾಗ, ಗೇಲಿಕ್ ಎಂದು ಒಬ್ಬರು ಹೇಳಿದರು. ಅದು ಐರ್ಲೆಂಡಿನ ಭಾಷೆಯಲ್ಲವೇ ಎಂದು ಇನ್ನೊಬ್ಬರು ಆಕ್ಷೇಪ ಎತ್ತಿದರು. ಇಂಗ್ಲೆಂಡಿನ ಪಕ್ಕದಲ್ಲೇ ಇರುವ ಒಂದು ರಾಜ್ಯದ ಅರಮನೆಯಲ್ಲಿ ಇಂಗ್ಲಿಷ್‌ಗೆ ಸ್ಥಾನವೇ ಇರಲಿಲ್ಲವೆಂಬುದು ನಮ್ಮಲ್ಲಿ ಹಲವರಿಗೆ ಹೊಸ ವಿಷಯವಾಗಿತ್ತು.

ಗೇಲಿಕ್ ನಿಜವಾಗಿಯೂ ಅರಸರ ಭಾಷೆಯಾಗಿದ್ದರೆ ಅದು ಅರಮನೆಯನ್ನು ಬಿಟ್ಟು ಹೊರಬಿದ್ದದ್ದು ಯಾವಾಗ, ಯಾರ ಕಾಲದಲ್ಲಿ? ನಾಟಕದಲ್ಲಿ ಮ್ಯಾಕ್‌ಬೆತ್ ಪಟ್ಟವನ್ನು ಕಸಿದುಕೊಂಡವನೆಂಬ ಚಿತ್ರವಿದೆ. ಆ ಕಾಲದ ಉತ್ತರಾಧಿಕಾರದ ಪದ್ಧತಿಯ ಪ್ರಕಾರ ಅವನಿಗೆ ಹಕ್ಕು ಇತ್ತೋ ಇಲ್ಲವೋ ಎಂಬುದನ್ನೂ ಬಲ್ಲವರು ತಿಳಿಸಿದರೆ ಉಪಕಾರವಾಗುತ್ತದೆ.

ಶಾಸನಪ್ರಿಯ:

ನಿಮ್ಮ ಬಳಗದ ಇಬ್ಬರು ಹೇಳಿದ್ದರಲ್ಲೂ ಹುರುಳಿದೆ. ಐರ್ಲೆಂಡಿನ ಈಶಾನ್ಯ ಕರಾವಳಿಗೂ ಸ್ಕಾಟ್ಲೆಂಡಿನ ಪಶ್ಚಿಮ ತೀರಕ್ಕೂ ನಡುವಿನ ಕಡಲು ಅತಿ ಕಿರಿದಾದ ಕಡೆ ಸುಮಾರು 20 ಕಿಲೋಮೀಟರ್ ಮಾತ್ರ. ಡಾಲ್ ರಿಯಾಟ ಎಂಬ ಗೇಲಿಕ್ ರಾಜ್ಯ 6ನೇ ಶತಮಾನದ ಹೊತ್ತಿಗೆ ಈ ಕಡಲಿನ ಎರಡೂ ದಡಗಳಲ್ಲಿ ಹರಡಿತ್ತು. ಸ್ಕಾಟ್ಲೆಂಡಿನ ಕಡೆ ಅದರ ಮುಖ್ಯ ನೆಲೆಯಾಗಿದ್ದ ಡನಾಡ್ ಎಂಬ ಗುಡ್ಡದ ಮೇಲೆ ಬಂಡೆಯಲ್ಲಿ ಕೊರೆದ ಒಂದು ಹೆಜ್ಜೆಗುರುತು ಇದೆ. ಅರಸನಾಗುವವನು ಅದರಲ್ಲಿ ಪಾದವಿಟ್ಟು ನಿಲ್ಲುತ್ತಿದ್ದನೆಂದು ಪುರಾತತ್ತ್ವಜ್ಞರು ಊಹಿಸುತ್ತಾರೆ. 9ನೇ ಶತಮಾನದಲ್ಲಿ ಇದೇ ಗೇಲಿಕ್ ಹಿನ್ನೆಲೆಯ ವಂಶವೊಂದು ಪೂರ್ವದ ಪಿಕ್ಟ್ ಜನರ ನಾಡನ್ನೂ ಆಳತೊಡಗಿತು. 858ರಲ್ಲಿ ತೀರಿಕೊಂಡ ಕೆನೆತ್ ಮ್ಯಾಕ್‌ಆಲ್ಪಿನ್‌ನನ್ನು ಶಾಲಾಪುಸ್ತಕಗಳು ‘ಸ್ಕಾಟರ ಮೊದಲ ಅರಸ’ ಎನ್ನುತ್ತವೆ. ಐರಿಷ್ ವರ್ಷಾನುಚರಿತೆಗಳು ಮಾತ್ರ ಅವನನ್ನು ಪಿಕ್ಟರ ಅರಸನೆಂದೇ ದಾಖಲಿಸಿ, 900ರ ಸುಮಾರಿನಿಂದ ಈಚೆಗೆ ‘ಅಲ್ಬಾದ ಅರಸ’ (ಅಲ್ಬಾ ಎಂದರೆ ಗೇಲಿಕ್‌ನಲ್ಲಿ ಸ್ಕಾಟ್ಲೆಂಡ್) ಎಂಬ ಹೆಸರನ್ನು ಬಳಸುತ್ತವೆ. ಈ ವಿಷಯದಲ್ಲಿ ಶಾಲಾಪುಸ್ತಕಗಳಿಗಿಂತ ವರ್ಷಾನುಚರಿತೆಗಳನ್ನು ನಂಬುವುದು ಮೇಲು.

ಇನ್ನು ಮ್ಯಾಕ್‌ಬೆತ್. ಅವನ ಗೇಲಿಕ್ ಹೆಸರು ಮ್ಯಾಕ್ ಬೆಹದ್. ಉತ್ತರದ ಮೊರೇ ಪ್ರಾಂತದ ಒಡೆಯ. ಅಂದಿನ ಪದ್ಧತಿಯಲ್ಲಿ ತಂದೆಯ ನಂತರ ಹಿರಿಯ ಮಗ ಎಂಬ ನಿಯಮವಿರಲಿಲ್ಲ. ಅರಸುಮನೆತನದ ದಾಯಾದಿಗಳಲ್ಲಿ ವಯಸ್ಸು, ಬಲ, ಬೆಂಬಲಗಳಿಂದ ತಕ್ಕವನೆನಿಸಿದವನು ಪಟ್ಟಕ್ಕೆ ಬರುತ್ತಿದ್ದ, ಕೆಲವೊಮ್ಮೆ ಹಿಂದಿನವನು ಬದುಕಿರುವಾಗಲೇ ಅವನನ್ನು ಗುರುತಿಸಿಡುತ್ತಿದ್ದರು. ಟ್ಯಾನಿಸ್ಟ್ರಿ ಎಂದು ಚರಿತ್ರಕಾರರು ಕರೆಯುವ ಈ ಪದ್ಧತಿಯಿಂದ ಎಳೆಯ ಮಗು ಸಿಂಹಾಸನವೇರುವ ಅಪಾಯ ತಪ್ಪುತ್ತಿತ್ತು, ಆದರೆ ದಾಯಾದಿ ಕಲಹ ತಪ್ಪುತ್ತಿರಲಿಲ್ಲ. ಎರಡನೆಯ ಮಾಲ್ಕಮ್ ತನ್ನ ಮಗಳ ಮಗನಾದ ಡಂಕನ್‌ನಿಗೆ ಪಟ್ಟ ಸಿಗುವಂತೆ ನೋಡಿಕೊಂಡದ್ದೇ ಹಳೆಯ ಕ್ರಮಕ್ಕೆ ಹೊರತಾದ ಸಂಗತಿ. ಮ್ಯಾಕ್‌ಬೆತ್‌ನ ಹೆಂಡತಿ ಗ್ರೂಓಕ್ ಕೂಡ ಅರಸುಕುಲದ ಇನ್ನೊಂದು ಶಾಖೆಯವಳು. ಆದ್ದರಿಂದ ಪಟ್ಟವನ್ನು ಕದ್ದವನು ಯಾರೆಂಬ ಪ್ರಶ್ನೆಗೆ ಅಂದಿನ ಸ್ಕಾಟ್ಲೆಂಡಿನಲ್ಲಿ ನಾಟಕದಲ್ಲಿರುವಷ್ಟು ನೇರವಾದ ಉತ್ತರ ಸಿಗುತ್ತಿರಲಿಲ್ಲ.

ಡಂಕನ್ ನಾಟಕದಲ್ಲಿರುವಂತೆ ಮುಪ್ಪಿನ ಸಾಧುಪುರುಷನಲ್ಲ. ಸುಮಾರು ಆರೇ ವರ್ಷ ಆಳಿದ್ದ ಅವನು ಮೊರೇ ಪ್ರಾಂತಕ್ಕೆ ದಂಡೆತ್ತಿ ಬಂದು, 1040ರಲ್ಲಿ ಎಲ್ಗಿನ್ ಪಟ್ಟಣದ ಹತ್ತಿರ ಹೋರಾಟದಲ್ಲಿ ಸತ್ತ. ಅತಿಥಿಯಾಗಿ ಬಂದವನು ಹಾಸಿಗೆಯಲ್ಲಿ ಕೊಲೆಯಾದ ಕಥೆ ನಂತರದ್ದು. ಮ್ಯಾಕ್‌ಬೆತ್ ಅನಂತರ 17 ವರ್ಷ ಆಳಿದ. 1050ರಲ್ಲಿ ರೋಮ್‌ಗೆ ಯಾತ್ರೆ ಹೋಗಿ ಬಡವರಿಗೆ ಬೀಜ ಚೆಲ್ಲಿದಂತೆ ಹಣ ಚೆಲ್ಲಿದನೆಂದು ಅದೇ ಶತಮಾನದ ಬರಹವೊಂದು ಹೇಳುತ್ತದೆ. ರಾಜ್ಯ ಅಲುಗಾಡುತ್ತಿದ್ದರೆ ಯಾವ ಅರಸನೂ ಅಷ್ಟು ದೂರ ಹೋಗುವ ಧೈರ್ಯ ಮಾಡುವುದಿಲ್ಲ. 1057ರಲ್ಲಿ ಲಂಫನನ್ ಎಂಬಲ್ಲಿ ಡಂಕನ್‌ನ ಮಗ ಮಾಲ್ಕಮ್‌ನ ಕಡೆಯವರು ಅವನನ್ನು ಕೊಂದರೂ, ಪಟ್ಟ ಕೂಡಲೇ ಮಾಲ್ಕಮ್‌ಗೆ ದಕ್ಕಲಿಲ್ಲ. ಗ್ರೂಓಕ್‌ಳ ಮೊದಲ ಗಂಡನ ಮಗ ಲೂಲಾಕ್ ಕೆಲವು ತಿಂಗಳು ಆಳಿದ. ಮ್ಯಾಕ್‌ಬೆತ್ ಎಲ್ಲರಿಗೂ ಬೇಡವಾದ ಕ್ರೂರಿಯಾಗಿದ್ದರೆ ಅವನ ಮಲಮಗನ ಹಿಂದೆ ಯಾರೂ ನಿಲ್ಲುತ್ತಿರಲಿಲ್ಲ ಎಂದು ನನ್ನ ಅನಿಸಿಕೆ.

ಬ್ಯಾಂಕೋ ಎಂಬ ಪಾತ್ರವಂತೂ 1527ರಲ್ಲಿ ಹೆಕ್ಟರ್ ಬೋಯಿಸ್ ಪ್ರಕಟಿಸಿದ ಲ್ಯಾಟಿನ್ ಚರಿತ್ರೆಯ ಸೃಷ್ಟಿ. ಸ್ಟುವರ್ಟ್ ಅರಸರು ಅವನ ವಂಶದವರೆಂದು ಹೇಳಿಕೊಳ್ಳುತ್ತಿದ್ದರು. ನಾಟಕ ಬರೆದ 1606ರ ಸುಮಾರಿಗೆ ಲಂಡನ್ನಿನ ಸಿಂಹಾಸನದ ಮೇಲೆ ಕುಳಿತಿದ್ದವನು ಆ ವಂಶದ ಜೇಮ್ಸ್ ಎಂಬುದನ್ನು ನೆನಪಿಟ್ಟು ಓದಿದರೆ, ಬ್ಯಾಂಕೋನನ್ನು ಅಷ್ಟು ಸಜ್ಜನನನ್ನಾಗಿ ಚಿತ್ರಿಸಿದ್ದೇಕೆ ಎಂಬುದು ಅರ್ಥವಾಗುತ್ತದೆ.

ಕ್ಲೈಡ್ ದಂಡೆ:

ಶಾಸನಪ್ರಿಯರ ಉತ್ತರ ಸೊಗಸಾಗಿದೆ. ನಾನು ಕೆಲವು ವರ್ಷಗಳಿಂದ ಗ್ಲಾಸ್ಗೋದಲ್ಲಿರುವುದರಿಂದ, ಭಾಷೆ ಅರಮನೆ ಬಿಟ್ಟ ಕಥೆಯನ್ನು ಇಲ್ಲಿ ಓದಿ ತಿಳಿದಷ್ಟು ಬರೆಯುತ್ತೇನೆ.

ಮ್ಯಾಕ್‌ಬೆತ್‌ನನ್ನು ಸೋಲಿಸಿದ ಮೂರನೆಯ ಮಾಲ್ಕಮ್ ಇಂಗ್ಲೆಂಡಿನ ರಾಜವಂಶದ ಮಾರ್ಗರೆಟ್‌ಳನ್ನು ಮದುವೆಯಾದ. ಅವರ ಆರು ಗಂಡುಮಕ್ಕಳಿಗೆ ಎಡ್ವರ್ಡ್, ಎಡ್ಮಂಡ್, ಎಥೆಲ್‌ರೆಡ್, ಎಡ್ಗರ್, ಅಲೆಕ್ಸಾಂಡರ್, ಡೇವಿಡ್ ಎಂದು ಹೆಸರಿಟ್ಟರು. ಒಂದಾದರೂ ಗೇಲಿಕ್ ಹೆಸರಿಲ್ಲ. 12ನೇ ಶತಮಾನದಲ್ಲಿ ಇದೇ ಡೇವಿಡ್ ವ್ಯಾಪಾರದ ಪಟ್ಟಣಗಳನ್ನು ಕಟ್ಟಿಸಿ, ಫ್ರೆಂಚ್ ಆಡುವ ನಾರ್ಮನ್ ಸರದಾರರಿಗೆ ಭೂಮಿ ಕೊಟ್ಟದ್ದರಿಂದ ಪೇಟೆಯಲ್ಲಿ ಇಂಗ್ಲಿಷ್, ಆಸ್ಥಾನದಲ್ಲಿ ಫ್ರೆಂಚ್ ಬೇರೂರಿದವು.

ಹಾಗೆಂದು ಗೇಲಿಕ್ ಒಮ್ಮೆಲೇ ಮಾಯವಾಗಲಿಲ್ಲ. 1249ರಲ್ಲಿ ಮೂರನೆಯ ಅಲೆಕ್ಸಾಂಡರ್‌ನಿಗೆ ಪಟ್ಟವಾದಾಗ ಅವನಿಗೆ ಏಳು ವರ್ಷ. ಸ್ಕೂನ್ ಎಂಬಲ್ಲಿ ಮಠದ ಅಂಗಳದಲ್ಲಿ, ರೇಷ್ಮೆ ಬಟ್ಟೆ ಹೊದಿಸಿದ ಆಸನದ ಮೇಲೆ ಹುಡುಗನನ್ನು ಕೂರಿಸಿದ್ದರು. ಹೈಲ್ಯಾಂಡ್ ಎಂಬ ಉತ್ತರದ ಗುಡ್ಡಗಾಡಿನ, ವಯಸ್ಸಾದ ಪಂಡಿತನೊಬ್ಬ ಮುಂದೆ ಬಂದು, ಮಂಡಿಯೂರಿ ತಲೆಬಾಗಿ, ಗೇಲಿಕ್‌ನಲ್ಲಿ ಅಲ್ಬಾದ ಅರಸನನ್ನು ಹರಸಿ, ಅವನ ವಂಶಾವಳಿಯನ್ನು ಅಲೆಕ್ಸಾಂಡರ್, ಅವನ ತಂದೆ ಅಲೆಕ್ಸಾಂಡರ್, ಅವನ ತಂದೆ ವಿಲಿಯಂ ಎಂದು ಒಬ್ಬೊಬ್ಬರನ್ನಾಗಿ ಹೇಳುತ್ತಾ, ಕೊನೆಗೆ ಈಜಿಪ್ಟಿನ ಫೇರೋ ದೊರೆಯ ಮಗಳೆನ್ನಲಾದ ಸ್ಕೋಟಾಳವರೆಗೆ ಒಯ್ದನಂತೆ. 14ನೇ ಶತಮಾನದ ಚರಿತ್ರಕಾರ ಜಾನ್ ಆಫ್ ಫೋರ್ಡನ್ ಇದನ್ನು ವರ್ಣಿಸಿದ್ದಾನೆ. ನಮ್ಮ ಶಾಸನಗಳ ರಾಜವಂಶಗಳು ಯದುವಿನವರೆಗೋ ಚಂದ್ರನವರೆಗೋ ಹೋಗುವುದನ್ನು ಓದಿದವರಿಗೆ ಇದರಲ್ಲಿ ಅಚ್ಚರಿಯೇನೂ ಕಾಣದು. ಆಸ್ಥಾನದ ಮಾತು ಬದಲಾಗಿದ್ದರೂ, ಅರಸನು ಯಾರೆಂದು ಸಾರಿ ಹೇಳುವ ಅಧಿಕಾರ ಮಾತ್ರ ಇನ್ನೂ ಗೇಲಿಕ್ ಪಂಡಿತನ ಕೈಯಲ್ಲೇ ಇತ್ತೆಂಬುದು ಇಲ್ಲಿ ಗಮನಿಸಬೇಕಾದ ವಿಷಯ.

ಗೇಲಿಕ್ ಬಲ್ಲ ಕೊನೆಯ ಸ್ಕಾಟ್ ಅರಸ ನಾಲ್ಕನೆಯ ಜೇಮ್ಸ್ ಎಂಬುದು ಸಾಮಾನ್ಯ ಅಭಿಪ್ರಾಯ. ಸ್ಪೇನಿನ ರಾಯಭಾರಿ ಪೆದ್ರೋ ದೆ ಆಯಲ 1498ರಲ್ಲಿ ಅವನಿಗೆ ಗೊತ್ತಿರುವ ಭಾಷೆಗಳನ್ನು ಹೆಸರಿಸುತ್ತಾ, ದ್ವೀಪಗಳ ‘ಕಾಡುಜನರ’ ಮಾತೂ ಅವನಿಗೆ ಬರುತ್ತದೆ ಎಂದು ಬರೆದ. ವಿಪರ್ಯಾಸವೆಂದರೆ, ಗೇಲಿಕ್ ಕವಿಗಳಿಗೂ ವೈದ್ಯರಿಗೂ ಆಶ್ರಯ ಕೊಟ್ಟಿದ್ದ, ಪಶ್ಚಿಮ ಕರಾವಳಿಯ ‘ದ್ವೀಪಗಳ ಪ್ರಭುತ್ವ’ವನ್ನು 1493ರಲ್ಲಿ ಮುಟ್ಟುಗೋಲು ಹಾಕಿಕೊಂಡದ್ದು ಇದೇ ಅರಸನ ಆಳ್ವಿಕೆ. ಐಲ ದ್ವೀಪದ ಫಿನ್‌ಲಾಗನ್ ಕೊಳದ ನಡುಗಡ್ಡೆಯಲ್ಲಿ ಆ ಪ್ರಭುಗಳಿಗೆ ಪಟ್ಟ ಕಟ್ಟುತ್ತಿದ್ದರು. ಬಿಳಿ ನಿಲುವಂಗಿ ತೊಟ್ಟು, ಬಿಳಿಯ ಕೋಲು ಹಿಡಿದು, ಪಾದದ ಗುರುತಿದ್ದ ಕಲ್ಲಿನ ಮೇಲೆ ನಿಲ್ಲುತ್ತಿದ್ದರೆಂದು 17ನೇ ಶತಮಾನದ ಬರಹವೊಂದರಲ್ಲಿದೆ. ಡನಾಡ್‌ನ ಹೆಜ್ಜೆಗುರುತನ್ನು ಇದರೊಂದಿಗೆ ಹೋಲಿಸಿಕೊಳ್ಳಿ.

ಶಾಸನಪ್ರಿಯರು ಹೇಳಿದ ಜೇಮ್ಸ್‌ಗೆ ಬರೋಣ. ‘ಮ್ಯಾಕ್‌ಬೆತ್’ ಬಂದ ಕೆಲವೇ ವರ್ಷಗಳಲ್ಲಿ, 1609ರಲ್ಲಿ, ಅವನ ಆಡಳಿತ ಐಯೋನ ದ್ವೀಪದಲ್ಲಿ ಗೇಲಿಕ್ ಮುಖಂಡರಿಂದ ಕೆಲವು ಕಟ್ಟಳೆಗಳಿಗೆ ಒಪ್ಪಿಗೆ ಪಡೆಯಿತು. ಅಲೆಮಾರಿ ಕವಿಗಳನ್ನು ಸಾಕಬಾರದು. 60 ದನಗಳಿರುವ ಪ್ರತಿಯೊಬ್ಬನೂ ಹಿರಿಯ ಮಗನನ್ನು, ಗಂಡುಮಗುವಿಲ್ಲದಿದ್ದರೆ ಹಿರಿಯ ಮಗಳನ್ನು, ದಕ್ಷಿಣದ ಶಾಲೆಗೆ ಕಳಿಸಿ ಇಂಗ್ಲಿಷ್ ಕಲಿಸಬೇಕು. 1616ರ ಆಜ್ಞೆಯಂತೂ ಪ್ರತಿ ಪ್ಯಾರಿಷ್‌ನಲ್ಲಿ (ಒಂದು ಚರ್ಚಿನ ವ್ಯಾಪ್ತಿಯ ಊರುಗಳಲ್ಲಿ) ಶಾಲೆ ತೆರೆಯಬೇಕೆಂದು ಹೇಳುವಾಗ, ಗೇಲಿಕ್ ಭಾಷೆಯನ್ನು ಅನಾಗರಿಕತೆಯ ಮೂಲಗಳಲ್ಲಿ ಒಂದೆಂದು ಬಣ್ಣಿಸಿ ಅದನ್ನು ಅಳಿಸುವ ಉದ್ದೇಶವನ್ನು ಮುಚ್ಚಿಡಲೇ ಇಲ್ಲ. ಗೇಲಿಕ್ ಅರಸನೊಬ್ಬನನ್ನು ರಂಗಭೂಮಿಯ ಖಳನಾಯಕನನ್ನಾಗಿ ಮಾಡಿದ ಕಾಲವೂ, ಗೇಲಿಕ್ ಕುಲೀನರ ಮಕ್ಕಳ ಮಾತನ್ನು ಕಾನೂನಿನಿಂದ ಬದಲಿಸಹೊರಟ ಕಾಲವೂ ಒಂದೇ.

ತುಂಗಾತೀರ:

ಇಬ್ಬರಿಗೂ ಕೃತಜ್ಞತೆಗಳು. ಇದನ್ನು ಮುಂದಿನ ಸಭೆಯಲ್ಲಿ ಓದಿ ಹೇಳುತ್ತೇನೆ. ಒಂದು ಸಂದೇಹ ಉಳಿದಿದೆ. ಭಾಷೆಯನ್ನು ಇಷ್ಟು ತುಚ್ಛವಾಗಿ ಕಂಡವರ ವಂಶಸ್ಥರೇ ಇಂದು ಕಿಲ್ಟ್ ತೊಟ್ಟು ಬ್ಯಾಗ್‌ಪೈಪ್ ಮೇಳದ ಮುಂದೆ ನಿಲ್ಲುತ್ತಾರಲ್ಲ, ಅದು ಹೇಗೆ? ‘ಬ್ರೇವ್‌ಹಾರ್ಟ್’ ಚಲನಚಿತ್ರದಲ್ಲಿ ಕಾಣುವ ಉಡುಪು ನಿಜವಾದದ್ದೇ?

ಹಳೆ ನಕಾಶೆ:

‘ಬ್ರೇವ್‌ಹಾರ್ಟ್’ ಪ್ರಶ್ನೆ ಸುಲಭ: ನಿಜವಾದದ್ದಲ್ಲ. ಆ ಚಿತ್ರದ ನಾಯಕ ವಿಲಿಯಂ ವಾಲೆಸ್ 1305ರಲ್ಲಿ ಗಲ್ಲಿಗೇರಿದವನು; ಸೊಂಟಕ್ಕೆ ಪಟ್ಟಿ ಬಿಗಿದು ಮೈಗೆ ಸುತ್ತುವ ದೊಡ್ಡ ಪ್ಲೇಡ್ 16ನೇ ಶತಮಾನದ ಕೊನೆಯ ಹೊತ್ತಿಗೆ ಮಾತ್ರ ದಾಖಲೆಗಳಲ್ಲಿ ಕಾಣಿಸುತ್ತದೆ. 1297ರ ಸ್ಟರ್ಲಿಂಗ್ ಸೇತುವೆ ಕದನವನ್ನು ಆ ಚಿತ್ರ ಸೇತುವೆಯೇ ಇಲ್ಲದೆ ತೋರಿಸಿತು. ಇಂಗ್ಲಿಷ್ ಸೇನೆಯನ್ನು ಕಿರಿದಾದ ಸೇತುವೆಯ ಮೇಲೆ ಅರ್ಧಕ್ಕೆ ಕತ್ತರಿಸಿದ್ದೇ ಗೆಲುವಿನ ಗುಟ್ಟಾಗಿದ್ದಾಗ, ಸೇತುವೆಯನ್ನು ಬಿಡುವುದೆಂದರೆ ಕಥೆಯ ಜೀವವನ್ನೇ ಬಿಟ್ಟಂತೆ.

ಮೊದಲ ಪ್ರಶ್ನೆಗೆ ಉತ್ತರ ದೀರ್ಘವಾದದ್ದು. 1746ರ ಕಲ್ಲಡನ್ ಕದನದಲ್ಲಿ ಜ್ಯಾಕೊಬೈಟ್ ಪಡೆ (ಪದಚ್ಯುತ ಸ್ಟುವರ್ಟ್ ವಂಶಕ್ಕೆ ಮತ್ತೆ ಪಟ್ಟ ಕೊಡಿಸಲು ಬಂಡೆದ್ದವರು) ಸೋತ ಮೇಲೆ, ಹೈಲ್ಯಾಂಡ್ ಉಡುಪು ತೊಡುವ ಗಂಡಸರಿಗೆ ಮೊದಲ ಸಲ ಆರು ತಿಂಗಳ ಸೆರೆ, ಎರಡನೆಯ ಸಲ ಏಳು ವರ್ಷ ಕಡಲಾಚೆಗೆ ಗಡೀಪಾರು ಎಂದು ಕಾಯಿದೆಯಾಯಿತು. ಸೈನ್ಯದಲ್ಲಿದ್ದವರಿಗೆ ಮಾತ್ರ ವಿನಾಯಿತಿ. ಹೀಗಾಗಿ 1782ರಲ್ಲಿ ಕಾಯಿದೆ ರದ್ದಾಗುವ ಹೊತ್ತಿಗೆ ಕಿಲ್ಟ್ ಬಂಡುಕೋರರ ಗುರುತಾಗಿ ಉಳಿಯದೆ ಬ್ರಿಟಿಷ್ ಪಲ್ಟನ್ನುಗಳ ಗುರುತಾಗಿತ್ತು. 1822ರಲ್ಲಿ ನಾಲ್ಕನೆಯ ಜಾರ್ಜ್ ಎಡಿನ್‌ಬರೋಗೆ ಬಂದಾಗ ಕಾದಂಬರಿಕಾರ ವಾಲ್ಟರ್ ಸ್ಕಾಟ್ ಇಡೀ ಸಮಾರಂಭವನ್ನು ಟಾರ್ಟನ್ ಎಂಬ ಬಣ್ಣದ ಚೌಕುಳಿ ಬಟ್ಟೆಯಿಂದ ತುಂಬಿಸಿದ. ಸ್ಥೂಲಕಾಯದ ದೊರೆ ಕಿಲ್ಟ್ ತೊಟ್ಟು, ಕಾಲು ಬರಿದಾಗಿ ಕಾಣದಂತೆ ಮೈಬಣ್ಣದ ಬಿಗಿ ಕಾಲುಡುಪು ಹಾಕಿಕೊಂಡಿದ್ದ. ಅದಕ್ಕೆ ಹಿಂದಿನ ದಶಕದಲ್ಲೇ ಸದರ್‌ಲ್ಯಾಂಡ್ ಪ್ರಾಂತದಲ್ಲಿ, ಕುರಿ ಸಾಕಣೆಗೆ ಜಾಗ ಮಾಡಲು ಗೇಲಿಕ್ ಮಾತಿನ ಸಾವಿರಾರು ಒಕ್ಕಲುಗಳನ್ನು ಕಣಿವೆಗಳಿಂದ ಎಬ್ಬಿಸಿ, ಮತ್ತೆ ಬಂದು ನೆಲೆಸದಂತೆ ಮನೆಗಳನ್ನು ಸುಟ್ಟಿದ್ದರು. ಉಡುಪನ್ನು ದರ್ಬಾರಿಗೆ ತಂದರು, ತೊಟ್ಟವರನ್ನು ಹಡಗು ಹತ್ತಿಸಿದರು ಎಂದರೆ ಕಟುವಾಯಿತೇನೋ. ಆದರೂ ನಡೆದದ್ದು ಹೆಚ್ಚುಕಡಿಮೆ ಅದೇ. ಒಂದೊಂದು ಕುಲಕ್ಕೂ ಒಂದೊಂದು ಪುರಾತನ ವಿನ್ಯಾಸವಿತ್ತೆಂದು ನಂಬಿಸಿದ 1842ರ ಪುಸ್ತಕವೂ ನಕಲಿ ಹಸ್ತಪ್ರತಿಯನ್ನು ಆಧರಿಸಿತ್ತು.

ಕನ್ನಡಿಗರಿಗೆ ಹತ್ತಿರದ ಒಂದು ಎಳೆಯನ್ನೂ ಹೇಳಬೇಕು. ಮೈಸೂರು ಸೀಮೆಯನ್ನು ಮೋಜಣಿ ಮಾಡಿ, ನಮ್ಮ ಊರೂರಿನ ಕೈಫಿಯತ್ತುಗಳನ್ನು ಬರೆಸಿ ಸಂಗ್ರಹಿಸಿದ ಕಾಲಿನ್ ಮೆಕೆಂಜಿ ಹುಟ್ಟಿದ್ದು ಗೇಲಿಕ್ ಇಂದಿಗೂ ಉಳಿದಿರುವ ಲೂಯಿಸ್ ದ್ವೀಪದ ಸ್ಟೋರ್ನೋವೇ ಪಟ್ಟಣದಲ್ಲಿ. ಪಾಳೆಯಗಾರರ ವಂಶಾವಳಿಗಳ ಮೇಲಿನ ಅವನ ಆಸಕ್ತಿಗೆ ಅಲ್ಲಿನ ಕುಲಕಥೆಗಳು ಕಾರಣವಾಗಿದ್ದವೆಂದು ಹೇಳಲು ನನ್ನಲ್ಲಿ ಆಧಾರವಿಲ್ಲ, ಆದರೆ ಅವನ ಸಂಗ್ರಹವನ್ನು ಓದುವಾಗಲೆಲ್ಲ ಆ ಯೋಚನೆ ಬರುತ್ತದೆ.

ಮುಂಗಾರು:

ಹಳೆ ನಕಾಶೆಯವರ ಧಾಟಿಗೆ ನನ್ನ ಸಣ್ಣ ತಕರಾರಿದೆ. ಟಾರ್ಟನ್ನಿನ ಇತಿಹಾಸ ಕಟ್ಟುಕಥೆಯಾಗಿರಬಹುದು, ಸಿನಿಮಾ ತಪ್ಪುಗಳ ಕಂತೆಯಾಗಿರಬಹುದು. ಆದರೆ ಇವುಗಳ ಮೂಲಕವೇ ಭಾಷೆಯ ಬಾಗಿಲಿಗೆ ಬಂದವರೂ ಬಹಳ ಮಂದಿ ಇದ್ದಾರೆ. ಕಾಲಪ್ರಯಾಣದ ಕಥೆಯ ‘ಔಟ್‌ಲ್ಯಾಂಡರ್’ ಧಾರಾವಾಹಿಯಲ್ಲಿ ಪಾತ್ರಗಳು ಗೇಲಿಕ್‌ನಲ್ಲೇ ಮಾತನಾಡುತ್ತವೆ, ಹಲವು ಕಡೆ ಅಡಿಬರಹವೂ ಇರುವುದಿಲ್ಲ. 2019ರಲ್ಲಿ ಡುವೊಲಿಂಗೊ ಆ್ಯಪ್‌ನಲ್ಲಿ ಸ್ಕಾಟಿಷ್ ಗೇಲಿಕ್ ಪಾಠ ಬಂದ ಮೇಲೆ ಅದಕ್ಕೆ ಸೇರಿದವರ ಸಂಖ್ಯೆ ಹತ್ತು ಲಕ್ಷವನ್ನು ದಾಟಿತು; ಅಷ್ಟು ಗೇಲಿಕ್ ಭಾಷಿಕರು ಸ್ಕಾಟ್ಲೆಂಡಿನಲ್ಲೇ ಇಲ್ಲ. ಶುದ್ಧ ಇತಿಹಾಸ ತಿಳಿದವರು ಮಾತ್ರ ಭಾಷೆ ಕಲಿಯಬೇಕೆಂದರೆ ಕಲಿಯುವವರು ಯಾರೂ ಸಿಗುವುದಿಲ್ಲ.

ಕ್ಲೈಡ್ ದಂಡೆ:

ಮುಂಗಾರು ಅವರೇ, ನೀವು ಹೇಳುವುದನ್ನು ಅರ್ಧ ಒಪ್ಪುತ್ತೇನೆ. ಇಲ್ಲಿನ ರೈಲು ನಿಲ್ದಾಣಗಳ ಹಲಗೆಗಳಲ್ಲಿ ಗೇಲಿಕ್ ಹೆಸರುಗಳಿವೆ, 2008ರಿಂದ ಬಿಬಿಸಿ ಆಲಬ ವಾಹಿನಿಯಿದೆ, ಗ್ಲಾಸ್ಗೋದಲ್ಲಿ ಗೇಲಿಕ್ ಮಾಧ್ಯಮದ ಶಾಲೆಗಳಿವೆ. 1891ರ ಜನಗಣತಿಯಲ್ಲಿ ಎರಡೂವರೆ ಲಕ್ಷವಿದ್ದ ಭಾಷಿಕರು 2011ಕ್ಕೆ ಸುಮಾರು 57 ಸಾವಿರಕ್ಕೆ ಇಳಿದಿದ್ದರು. 2022ರಲ್ಲಿ ಆ ಸಂಖ್ಯೆ 69 ಸಾವಿರವನ್ನು ದಾಟಿದ್ದು ಹೊಸದಾಗಿ ಕಲಿತವರಿಂದಲೇ ಇರಬೇಕು. ಆದರೆ ಅದೇ ಗಣತಿಯಲ್ಲಿ, ಭಾಷೆ ಮನೆಮಾತಾಗಿ ಉಳಿದಿದ್ದ ಪಶ್ಚಿಮ ದ್ವೀಪಗಳಲ್ಲಿ ಗೇಲಿಕ್ ಆಡುವವರ ಪಾಲು ಮೊದಲ ಬಾರಿಗೆ ಅರ್ಧಕ್ಕಿಂತ ಕೆಳಗಿಳಿಯಿತು. ಆ್ಯಪ್‌ನಲ್ಲಿ ಕಲಿತವರು ಆ ದ್ವೀಪದ ಅಂಗಡಿಯಲ್ಲಿ ಗೇಲಿಕ್‌ನಲ್ಲಿ ವ್ಯವಹರಿಸುವ ನೆರೆಹೊರೆಯಾಗಲಾರರು. ಅಲ್ಲಿ ಬೇಕಾಗಿರುವುದು ಕೆಲಸ, ಬಾಡಿಗೆಗೆ ಸಿಗುವ ಮನೆ, ದೋಣಿಯ ಸೌಕರ್ಯ. 2025ರಲ್ಲಿ ಸ್ಕಾಟಿಷ್ ಸಂಸತ್ತು ಗೇಲಿಕ್‌ಗೆ ಅಧಿಕೃತ ಸ್ಥಾನ ಕೊಡುವ ಕಾಯಿದೆ ಮಾಡಿದಾಗಲೂ ದ್ವೀಪದವರು ಎತ್ತಿದ ಪ್ರಶ್ನೆಗಳು ಇಂಥವೇ.

ತುಂಗಾತೀರ ಅವರ ಬಳಗಕ್ಕೆ ಇನ್ನೊಂದು ಮಾಹಿತಿ. ಸ್ಕೂನ್‌ನ ಪಟ್ಟಾಭಿಷೇಕದ ಕಲ್ಲನ್ನು 1296ರಲ್ಲಿ ಇಂಗ್ಲೆಂಡಿನ ಮೊದಲನೆಯ ಎಡ್ವರ್ಡ್ ಹೊತ್ತೊಯ್ದಿದ್ದ. 1996ರಲ್ಲಿ ಅದು ಸ್ಕಾಟ್ಲೆಂಡಿಗೆ ಮರಳಿ, 2024ರಿಂದ ಪರ್ತ್ ವಸ್ತುಸಂಗ್ರಹಾಲಯದಲ್ಲಿದೆ. 2023ರಲ್ಲಿ ಮೂರನೆಯ ಚಾರ್ಲ್ಸ್‌ನ ಪಟ್ಟಾಭಿಷೇಕಕ್ಕಾಗಿ ಕಲ್ಲನ್ನು ಕೆಲ ದಿನ ಲಂಡನ್ನಿಗೆ ಒಯ್ದಿದ್ದರು, ಆ ವಿಧಿಯಲ್ಲಿ ಒಂದು ಸ್ತೋತ್ರದ ಭಾಗವನ್ನು ಸ್ಕಾಟಿಷ್ ಗೇಲಿಕ್‌ನಲ್ಲೂ ಹಾಡಿಸಿದರು. ಮುಟ್ಟುಗೋಲಾದ ‘ದ್ವೀಪಗಳ ಪ್ರಭು’ ಎಂಬ ಬಿರುದೂ ಇಂದು ಬ್ರಿಟಿಷ್ ಯುವರಾಜನ ಬಿರುದುಗಳಲ್ಲಿ ಒಂದಾಗಿದೆ.